ತಾಗಿತ್ತು

ಇಪ್ಪತ್ತೆರಡು ಚಳಿಗಾಲ
ಮಾವಿಸ್ ಹ್ರೈಚುಕ್‌ಳ ಕಲ್ಲಿನ ಮುಂದೆ ಕಸ ಗುಡಿಸಿದವಳು ನಾನು.
ಕಸ ಅಂದೆ. ಐಸಿನ ಮೇಲೆ ಕಸವೆಲ್ಲಿ?
ಒಂದು ಕೂದಲೆಳೆ ಬಿದ್ದರೂ ಕಲ್ಲು ದಾರಿ ತಪ್ಪುತ್ತದೆ, ಅಷ್ಟೆ.
ನನ್ನ ಗಂಡ ಅನ್ನುತ್ತಿದ್ದ:
ಇದರಲ್ಲಿ ಕಾಲುಪಾಲು ಅಡಿಗೆಮನೆಗೆ ಕೊಟ್ಟಿದ್ದರೆ
ನೆಲದಲ್ಲಿ ಮುಖ ನೋಡಿಕೊಳ್ಳಬಹುದಿತ್ತು.

ಅವಳು ಕಲಿತದ್ದು ಹೊಲದಾಚೆಯ ಹೊಂಡದಲ್ಲಿ,
ಜಾಮಿನ ಡಬ್ಬಿಗೆ ಸಿಮೆಂಟು ತುಂಬಿ
ಬಗ್ಗಿಸಿದ ಮೊಳೆಯ ಹಿಡಿಕೆ ನೆಟ್ಟು.
ಆಮೇಲೆ ಮೂವತ್ತು ವರ್ಷ ಎಲಿವೇಟರಿನಲ್ಲಿ
ಊರಿನ ಗೋಧಿಯನ್ನೆಲ್ಲ ತೂಗಿದಳು.
ಲಾರಿ ತಿರುವಿನಲ್ಲಿ ಕಾಣುತ್ತಲೇ
ಟೈರು ನೋಡಿ ಹೇಳಿಬಿಡುತ್ತಿದ್ದಳು ಎಷ್ಟು ಅಂತ;
ತಕ್ಕಡಿಯ ಮುಳ್ಳು ಆಮೇಲೆ ಒಪ್ಪಿಕೊಳ್ಳುತ್ತಿತ್ತು.

ನಮ್ಮ ಆಟದಲ್ಲೂ ವೇಗಕ್ಕೆ ತೂಕವೆಂದೇ ಹೆಸರು.

ಮೂವತ್ತರಲ್ಲಿ ಸೋತಳು. ಮೂವತ್ತನಾಲ್ಕರಲ್ಲಿ ಸೋತಳು.
ನಲವತ್ತೊಂದರಲ್ಲಿ ಒಂದು ಇಂಚಿಗೆ,
ಅಳೆಯಲು ಪಟ್ಟಿ ತಂದವನು ಅಳುಮೋರೆ ಹಾಕಿದ್ದ.
ಐವತ್ತು ತುಂಬಿದ ದಿನ ಲೂಬಾ ಕೇಕು ತಂದು,
"ಇನ್ನು ನೀನು ಸೀನಿಯರು, ಮುದುಕಿಯರ ಮೇಲೆ ಕೈ ಮಾಡಬಹುದು" ಅಂದಳು.
ಮಾವಿಸ್ ಚಾಕುವಿನಲ್ಲಿ ಕೆನೆಯ ಮೇಲೆ
ವೃತ್ತದೊಳಗೊಂದು ವೃತ್ತ ಕೊರೆದು
ನಡುವಿನ ಚೆರ್ರಿಯನ್ನು ತಾನೇ ತಿಂದಳು.

ಮೂರು ಸಲ ಇಡೀ ಕೆನಡಾಕ್ಕೆ ಮೊದಲು.
ಫೋಟೋಗಳಿವೆ ಕ್ಲಬ್ಬಿನ ಗೋಡೆಯಲ್ಲಿ, ಕಾಫಿ ಯಂತ್ರದ ಮೇಲೆ,
ಹಬೆ ಕುಡಿದು ಸ್ವಲ್ಪ ಉಬ್ಬಿವೆ.
ನಾನು ಹೇಳಬೇಕಾದದ್ದು
ಗೋಡೆಯಲ್ಲಿಲ್ಲದ ವರ್ಷ,
ಎರಡನೆಯದಕ್ಕೂ ಮೂರನೆಯದಕ್ಕೂ ನಡುವಿನದು.

ಫೈನಲ್ಲು. ಕೊನೆಯ ಕಲ್ಲು ನಮ್ಮದು.
ಹತ್ತೊಂಬತ್ತು ಕಿಲೋ ಗ್ರಾನೈಟು
ಅವಳ ಬೆರಳಿಂದ ಬಿಡಿಸಿಕೊಂಡು
ಉಸಿರಿನಷ್ಟು ಮೆಲ್ಲಗೆ ತಿರುಗುತ್ತ ಹೊರಟಿತು.
"ಉಜ್ಜು! ಉಜ್ಜು!" ಆಚೆ ತುದಿಯಿಂದ ಬರ್ನಾಡೆಟ್,
ನಾನೂ ಲೂಬಾಳೂ ಬಾಗಿ, ಭುಜ ಉರಿದು,
ಅರ್ಧ ದಾರಿಯಲ್ಲಿ
ನನ್ನ ಪೊರಕೆಯ ಅಂಚು ಕಲ್ಲಿಗೆ ತಾಗಿತು.
ಎಮ್ಮೆಗೆ ನೊಣ ತಾಗಿದಷ್ಟು.
ಲೂಬಾ ಕಾಣಲಿಲ್ಲ. ಯಾರೂ ಕಾಣಲಿಲ್ಲ.
ಕಲ್ಲು ಹೋಗಿ ಮನೆ ಸೇರಿತು, ನಟ್ಟನಡುವೆ ಕೂತಿತು,
ಕಾಯಿ ಹಣ್ಣಾಯಿತೆಂದು ಜನ ಎದ್ದು ನಿಂತರು.

ಈ ತಪ್ಪಿಗೆ ಸೀಟಿ ಊದುವವರಿಲ್ಲ,
ತಾಗಿಸಿದವರೇ ಹೇಳಬೇಕು.
ನನ್ನ ಬಾಯಿ ತೆರೆಯಿತು.
ಬರೀ ಹಬೆ ಬಂತು.

ಅವಳು ಅಷ್ಟುದ್ದದ ಐಸು ದಾಟಿ ಬಂದಳು, ಅವಸರವಿಲ್ಲದೆ.
ನನ್ನ ಮುಖ ನೋಡಲಿಲ್ಲ.
ಹಿಂದಿನಿಂದ ನನ್ನ ಬೆನ್ನು ಒಮ್ಮೆ ತಡವರಿಸಿದ್ದನ್ನು
ಓದಿಕೊಂಡಿದ್ದಳು, ಲಾರಿಯ ಟೈರಿನ ಹಾಗೆ.
ಬೂಟಿನ ತುದಿಯಲ್ಲಿ ಕಲ್ಲನ್ನು ಮನೆಯಾಚೆ ತಳ್ಳಿ
"ತಾಗಿತ್ತು" ಅಂದಳು.
ಯಾರಿಂದ ಅನ್ನಲಿಲ್ಲ.
ಗ್ಲೌಸು ಕಳಚಿ
ನೋವಾಸ್ಕೋಷಿಯಾದ ಹೆಂಗಸರ ಕೈ ಕುಲುಕಿದಳು, ನಾಲ್ವರದೂ.

ವ್ಯಾನಿನಲ್ಲಿ ಎರಡು ದಿನದ ದಾರಿ, ಸಾಸ್ಕಾಚೆವಾನಿಗೆ.
ಒಂದೇ ಮಾತು ನೆನಪಿದೆ:
"ಫ್ಲಾಸ್ಕಿನಲ್ಲಿ ಟೀ ಉಳಿದಿದೆಯಾ?"
ಬಗ್ಗಿಸಿಕೊಟ್ಟೆ. ಚೆಲ್ಲಿತು. ಅವಳು ತೊಡೆ ಒರೆಸಿಕೊಂಡಳು.
ಮರುವರ್ಷ ನನ್ನನ್ನು ಬಿಟ್ಟಾಳೆಂದು ಕಾದೆ;
ಅಕ್ಟೋಬರಿನಲ್ಲಿ ಹೊಸ ಪೊರಕೆಯ ಬಿಲ್ಲು ಬಂತು, ನನ್ನ ಹೆಸರಿಗೆ.

ಈಗ ಅವಳಿಗೆ ಎಪ್ಪತ್ತಮೂರು, ಎರಡೂ ಮಂಡಿ ಲೋಹದವು.
ನಿಂತೇ ಕೋಲಿನಿಂದ ಕಲ್ಲು ತಳ್ಳುತ್ತಾಳೆ,
ಒಂದು ಕಾಲಕ್ಕೆ ತಾನೇ "ಬಿಲಿಯರ್ಡ್ಸು" ಅಂತ ನಕ್ಕ ಕೋಲು.
ತೂಕ ಮಾತ್ರ ಕೈಯಲ್ಲೇ ಇದೆ.
ಮಂಗಳವಾರ ಬೆಳಿಗ್ಗೆ ನಮ್ಮ ಸರದಿ, ಆಮೇಲೆ ಪಿರೋಗಿ.

ನಾನು ಗುಡಿಸುತ್ತೇನೆ,
ಕಲ್ಲಿಗೂ ಪೊರಕೆಗೂ ನಡುವೆ
ಈಗಲೂ ಒಂದು ಗೇಣು ಬಿಟ್ಟು.
ಹಿಂದಿನಿಂದ ಕೂಗುತ್ತಾಳೆ:
"ಹತ್ತಿರ ಹೋಗೇ! ಇನ್ನೂ ಹತ್ತಿರ!
ಕಚ್ಚುವುದಿಲ್ಲ ಅದು."