ಕೊಸರು

ಕುತಾಯಿಸಿಯ ಪೇಟೆಯಲ್ಲಿ, ಚೀಸಿನ ಸಾಲು ಮುಗಿದು
ಉಪ್ಪಿನಕಾಯಿ ಜಾಡಿಗಳು ಶುರುವಾಗುವ ಮೊದಲು
ಎತೇರಿಯ ಅಂಗಡಿ.
ಅವ್ವ ಆಕ್ರೋಟು ತೂಗಿದ ತಕ್ಕಡಿಯಲ್ಲೇ
ಇವಳು ಪುಸ್ತಕ ತೂಗುತ್ತಾಳೆ.
ಕಿಲೋಗೆ ಇಷ್ಟು. ಚೌಕಾಸಿ ಇಲ್ಲ.

ವೆಲ್ಡಿಂಗ್ ಮಾಡುವ ಜೌರ್ ಶನಿವಾರ ಬರುತ್ತಾನೆ,
ಒಂದು ಹುಬ್ಬು ಸುಟ್ಟವನು.
ಅವನಿಗೆ ಬೇಕಾದ್ದು ಕಾದಂಬರಿ, ದಪ್ಪನೆಯದು,
ಕೊನೆಗೆ ಯಾರಾದರೂ ಸಾಯಬೇಕು.
ಮುಳ್ಳು ನಿಂತ ಮೇಲೆ ಎತೇರಿ
ಕೈಗೆ ಸಿಕ್ಕ ತೆಳ್ಳನೆಯದೊಂದನ್ನು ಮೇಲೆ ಎಸೆಯುತ್ತಾಳೆ:
"ಕೊಸರು."

ಹಾಗೆ ಅವನ ಮನೆ ಸೇರಿದವು
ಜೇನಿಗೆ ಬರುವ ಕಾಯಿಲೆಗಳು,
ಕುರುಡರಿಗೆ ನಕ್ಷೆ ಮಾಡುವ ಬಗೆ,
ಒಬ್ಬ ದಂತವೈದ್ಯನ ಜೈಲಿನ ದಿನಚರಿ, ಕೊನೆಯ ಪುಟ ಇಲ್ಲದ್ದು.
ಎಲ್ಲ ಹೋದದ್ದು ಅಲುಗುವ ಮೇಜಿನ ಕಾಲಡಿಗೆ.

ಫೆಬ್ರವರಿಯಲ್ಲಿ ಕರೆಂಟು ಹೋಗಿ ಕೆಲಸವಿಲ್ಲದ ದಿನ
ಬಗ್ಗಿ ಒಂದನ್ನು ಎಳೆದ.
ಮೇಜು ಅಂದಿನಿಂದ ಅಲುಗುತ್ತಿದೆ.
ಹಿಮನದಿಯ ಬಗ್ಗೆ, ನಲವತ್ತು ಪುಟ.
ದಿನಕ್ಕೊಂದು ಗೇಣು ನಡೆಯುತ್ತದಂತೆ ಅದು.
ಅವನು ಓದಿದ ಕಾದಂಬರಿಯಲ್ಲೋ,
ನಾಯಕಿ ಕಿಟಕಿ ತೆರೆದಾಗಲೆಲ್ಲ,
ಆರುನೂರು ಪುಟ, ಹದಿನೆಂಟು ವರ್ಷ,
ಹಿಮನದಿ ನಿಂತಲ್ಲೇ ನಿಂತಿತ್ತು.
ಗೋಡೆಯ ಮೇಲೆ ಸೀಮೆಸುಣ್ಣದಲ್ಲಿ ಲೆಕ್ಕ ಹಾಕಿದ:
ಇಷ್ಟರಲ್ಲಿ ಅವಳ ಅಂಗಳಕ್ಕೆ ಬಂದಿರಬೇಕು.
ಅವಳಿಗೆ ಯಾರೂ ಹೇಳಲಿಲ್ಲವಲ್ಲ!

ಶನಿವಾರ ಬೆಳಿಗ್ಗೆಯೇ ಹಾಜರು.
"ಈ ಸಲ ಬರೀ ಕೊಸರು ಕೊಡು, ಒಂದು ಕಿಲೋ."
ತೂಕದ ಕಲ್ಲು ಒರೆಸುತ್ತಿದ್ದ ಎತೇರಿ ನಕ್ಕಳು:
"ಕೊಸರನ್ನು ಮಾರುವುದಿಲ್ಲ, ಮಾರಾಯ.
ಏನಾದರೂ ಕೊಂಡರೆ ಬರುತ್ತದೆ."

ಎದುರಿಗಿದ್ದ ದಪ್ಪದ್ದೊಂದನ್ನು, ಹೆಸರೂ ಓದದೆ,
ತಕ್ಕಡಿಗೆ ಹಾಕಿದ.
ಮುಳ್ಳಿನತ್ತ ನೋಡಲಿಲ್ಲ.
ಅವಳ ಕೈ ಎತ್ತ ಹೋಗುತ್ತದೆಂದು ನೋಡುತ್ತ ನಿಂತ.