ಪ್ರೆಸ್ ನಂಬರ್ ನಾಲ್ಕು

ಆಲ್ಬಮ್ಮಿನ ಬೆನ್ನಿಗೆ, ತೀರ ಕೆಳಗೆ,
ಇರುವೆ ಸಾಲಿನಂಥ ಅಕ್ಷರಗಳಲ್ಲಿ
ಗಿಟಾರು, ಡ್ರಮ್ಮು, ಕೀಬೋರ್ಡು ಎಲ್ಲ ಮುಗಿದ ಮೇಲೆ
'ಗೆಜೀನ ಲೆಮ್ಕೆ: ಪ್ರೆಸ್' ಎಂದಿದೆ,
ಅದೂ ಒಂದು ವಾದ್ಯವೆಂಬಂತೆ.

ಅವತ್ತು ಮೈಕು ಹಿಡಿದವನು ನಾನು.

ಲೌಸಿಟ್ಸ್ ಬಯಲು, ಫೆಬ್ರವರಿ.
ಕಂದು ಕಲ್ಲಿದ್ದಲ ಪುಡಿಯನ್ನು ಒತ್ತಿ ಒತ್ತಿ
ಇಟ್ಟಿಗೆ ಮಾಡುತ್ತಿದ್ದ ಕಾರ್ಖಾನೆ
ಬಾಗಿಲು ಹಾಕಿ ಮೂವತ್ತು ವರ್ಷ.
ಕಾಂಕ್ರೀಟು ಸೀಳಿ ಎದ್ದ ಬರ್ಚ್ ಗಿಡ
ನನ್ನ ಎದೆಮಟ್ಟ.
ಐದು ಜನ ವ್ಯಾನಿನಿಂದಿಳಿದರು.
ಇವರ ಆರನೇ ಆಲ್ಬಮ್ಮು, ಹೆಸರು 'ಮೂರನೇ ಪಾಳಿ',
ಇಲ್ಲೇ ಆಗಬೇಕಂತೆ, ದನಿಗೆ ತುಕ್ಕು ಬೇಕಂತೆ.
ಹಾಡುಗಾರ ಹಾರ್ಟ್‌ವಿಗ್, ಬಾಗಿಲಿಗೆ ಬಗ್ಗಿ ಬರುವ ಆಳು,
ವೇದಿಕೆಯಲ್ಲಿ ಬೆಂಕಿ ಉಗುಳುವವನು,
ಥರ್ಮಾಸಿನಿಂದ ಸೋಂಪಿನ ಕಷಾಯ ಗುಟುಕರಿಸಿ
"ಗಂಟಲು..." ಎಂದ,
ತಪ್ಪೊಪ್ಪಿಕೊಳ್ಳುವವನ ಹಾಗೆ.

ಆಕೆ ಸೈಕಲ್ಲಿನಲ್ಲಿ ಬಂದಳು.
ಎಪ್ಪತ್ತಾರು ವಯಸ್ಸು, ಎಡಗಿವಿ ಪೂರ್ತಿ ಕಿವುಡು.
ತಲೆಗೆ ವಸ್ತ್ರ ಬಿಗಿದು
ಅಲ್ಲಿದ್ದ ಯಾರಿಗೂ ನಮಸ್ಕಾರ ಹೇಳದೆ
ಮೊದಲು ಯಂತ್ರದ ಪಕ್ಕೆ ತಟ್ಟಿದಳು.

ಡ್ರಮ್ಮಿನ ಹೈಕೊ ಕೇಳಿದ:
"ನಿಮಿಷಕ್ಕೆ ನೂರಿಪ್ಪತ್ತು ಏಟು ಬೀಳುತ್ತಾ?"
ಬಲಗಿವಿ ತಿರುಗಿಸಿ ಇನ್ನೊಮ್ಮೆ ಹೇಳಿಸಿಕೊಂಡು,
"ಇದಕ್ಕೆ ಎಂಬತ್ತೆರಡು ಒಗ್ಗುತ್ತೆ" ಎಂದಳು.
"ಮೇಲೆ ಹೋದರೆ ಮುನಿಸು."

ಹಾಗೆ ಇಡೀ ಆಲ್ಬಮ್ಮು ಎಂಬತ್ತೆರಡಕ್ಕಿಳಿಯಿತು.
ಮೂರು ಹಾಡು ಆ ನಡಿಗೆಗೆ ನಿಲ್ಲದೆ ಬಿದ್ದುಹೋದವು,
ಉಳಿದವು ಒದ್ದೆ ಕಂಬಳಿಯಷ್ಟು ಭಾರವಾದವು.
ಲಯವೆಂದರೆ ಗತಿ;
ಲಯವೆಂದರೆ ಇಲ್ಲವಾಗುವುದು ಕೂಡ.
ಎರಡಕ್ಕೂ ಒಂದೇ ಮಾತು ಸಾಕೆಂದು
ಆ ಉಕ್ಕಿನ ಹೊಟ್ಟೆಗೆ ಮೊದಲೇ ಗೊತ್ತಿತ್ತು.

ಏಳನೇ ಹಾಡು. ರಾತ್ರಿ ಎರಡು ಗಂಟೆ.
ಹಾರ್ಟ್‌ವಿಗ್ ಬರೆದು ತಂದಿದ್ದು ನಾಲ್ಕು ಚರಣ:
ರಕ್ತ, ಕಬ್ಬಿಣ, ತಾಯಿ, ಮತ್ತೆ ರಕ್ತ.
ಪ್ರೆಸ್ಸಿನ ಬಾಯಿಂದ ಬಿಸಿ ಬರುತ್ತಿತ್ತು.
ಚಳಿಗೋ, ಮಗುವಿನ ಕುತೂಹಲಕ್ಕೋ
ಅವನ ಕೈ ಅತ್ತ ಚಾಚಿತು.

"ಕೈ ತೆಗಿ!"

ಅಷ್ಟು ದೊಡ್ಡ ದನಿ
ಅಷ್ಟು ವರ್ಷ ಆ ಸಣ್ಣ ಎದೆಯಲ್ಲಿ ಎಲ್ಲಿ ಕೂತಿತ್ತೋ.
ನನ್ನ ಮೀಟರಿನ ಮುಳ್ಳು ಕೆಂಪಿಗೆ ಬಡಿದು ಅಲ್ಲೇ ನಿಂತಿತು.
ಪ್ರೆಸ್ಸೂ ನಿಂತಿತು.
ಸೂರಿನ ಪಾರಿವಾಳಗಳು ಎದ್ದು ಮತ್ತೆ ಕೂತವು.
ಆಕೆ ಅವನ ಕೈ ಹಿಡಿದು
ಬೆರಳುಗಳನ್ನು ಒಂದೊಂದಾಗಿ ಎಣಿಸಿ
ಐದೂ ಇವೆಯೆಂದು ಖಾತ್ರಿಯಾದ ಮೇಲೆ ಬಿಟ್ಟಳು.
"ರೋಸ್ವಿತಾಗೆ ಹತ್ತೊಂಬತ್ತು" ಎಂದಳು ಯಾರಿಗೋ.
"ಅಕಾರ್ಡಿಯನ್ ನುಡಿಸೋಳು."

ಅಷ್ಟೆ. ಆಮೇಲೆ ಸೈಕಲ್ ದೀಪ ಹೊತ್ತುವುದೋ ಇಲ್ಲವೋ
ನೋಡಿಕೊಂಡು ಹೊರಟುಹೋದಳು.

ಹಾರ್ಟ್‌ವಿಗ್ ನಾಲ್ಕೂ ಚರಣ ಹರಿದ.
ಏಳನೇ ಹಾಡಿನಲ್ಲಿ ಈಗಿರುವುದು
ಪ್ರೆಸ್ಸು, ಆ ಕೂಗು,
ನಂತರ ಹನ್ನೊಂದು ಸೆಕೆಂಡು ಏನೂ ಇಲ್ಲ.
ಕಂಪನಿಯವರು ಫೋನು ಮಾಡಿ
ಕಡತ ಕೆಟ್ಟಿದೆಯೇ ಎಂದು ವಿಚಾರಿಸಿದರು.

ಜೂನಿನಲ್ಲಿ ತಟ್ಟೆ, ಅದನ್ನು ತಿರುಗಿಸುವ ಪೆಟ್ಟಿಗೆ,
ಎರಡನ್ನೂ ಹೊತ್ತು ಆಕೆಯ ಅಡುಗೆಮನೆಗೆ ಹೋದೆ.
ಆಲೂಗಡ್ಡೆ ಸುಲಿಯುತ್ತಲೇ ಕೇಳಿದಳು.
"ಬೆಲ್ಟು ಸಡಿಲ ಇದ್ದಿತ್ತು ಅವತ್ತು" ಎಂಬುದು
ಮೊದಲ ಬದಿಯ ಬಗ್ಗೆ ಆಕೆಯ ವಿಮರ್ಶೆ.

ಲೈಪ್ಸಿಗ್‌ನಲ್ಲಿ ಜನವೆಲ್ಲ ಆ ಮಾತನ್ನೇ
ಒಕ್ಕೊರಲಿನಿಂದ ಕೂಗುತ್ತಾರೆಂದು ಹೇಳಿದೆ.
"ಎಷ್ಟು ಜನ?"
"ಒಂಬತ್ತು ಸಾವಿರ."
"ಕೈ ಎಲ್ಲಿರುತ್ತೆ?"
"ಮೇಲೆ. ಎಲ್ಲರದ್ದೂ ಮೇಲೆ."
"ಹಾಗಾದ್ರೆ ಸರಿ."

ತಟ್ಟೆ ಮಗುಚಿದೆ.
ಏಳನೆಯದು ಶುರುವಾಯಿತು, ಏಟಿನ ಮೇಲೆ ಏಟು.
ಕೂಗು ಬರಲು ಇನ್ನೂ ಹೊತ್ತಿತ್ತು.
ಚಾಕು ಕೆಳಗಿಟ್ಟು ಆಕೆಯ ಎರಡು ಕೈಗಳೂ
ಆಕೆಯನ್ನು ಕೇಳದೆಯೇ
ಮೇಜು ಬಿಟ್ಟು ಮಡಿಲಿಗೆ ಹೋಗಿ ಕೂತವು.

ಸ್ವಲ್ಪ ತಡವಾಗಿ ಗಮನಿಸಿದೆ,
ನನ್ನವೂ.