ತಟ್ಟುವ ಕೆಲಸ

ಹನ್ನೆರಡು ನಿಮಿಷದ ಸಿನಿಮಾ. ನನ್ನದು ಪಾತ್ರವಲ್ಲ,
ತಟ್ಟುವ ಕೆಲಸ.
ದಾವಣಗೆರೆಯ ಮಂಡಕ್ಕಿ ಭಟ್ಟಿಯ ಹಿಂದಿನ ಸಂದಿಯಲ್ಲಿ
ಕತ್ತಲಿಗೆ ನಿಂತು, ಸಿದ್ಧಲಿಂಗೇಶ ಟಾರ್ಚು ಮಿನುಗಿಸಿದಾಗ
ಬಾಗಿಲಿಗೆ ಮೂರು ಸಲ.

ಒಳಗೆ ಚಮನ್‌ಸಾಬ್ರು, ಎಪ್ಪತ್ತೊಂದು,
ಕಾದ ಮರಳಲ್ಲಿ ನಲವತ್ತು ವರ್ಷ ಅಕ್ಕಿ ಅರಳಿಸಿದ ಕೈ.
ಚಿಲಕ ಹಿಡಿದು ನಿಲ್ಲಬೇಕು, ತೆಗೆಯಬಾರದು.
ಅಷ್ಟೇ ಕಥೆ. ಹೊರಗೆ ಯಾರನ್ನೋ ಅಟ್ಟಿಸಿಕೊಂಡು ಬಂದಿದ್ದಾರೆ,
ಯಾರು, ಯಾಕೆ, ಬರೆದಿರಲಿಲ್ಲ.

ಮೊದಲನೇ ಟೇಕನ್ನು ಗೂಡ್ಸು ರೈಲು ನುಂಗಿತು.
ಸದ್ದು ಇಳಿಯುವವರೆಗೆ ಸಾಬ್ರು ಹೊರಬಂದು ಬೀಡಿ ಹಚ್ಚಿ
ನನ್ನ ಕೈ ತಿರುಗಿಸಿ ನೋಡಿದರು:
"ಹಂಗಲ್ಲ ತಮ್ಮಾ. ಗೆಣ್ಣಿಲೆ ತಟ್ಟೋನು ಬಾಡಿಗಿ ಕೇಳಾಕ ಬಂದೋನು.
ಜೀವಕ್ಕ ಅಂಜಿದೋನು ಅಂಗೈಲೆ ತಟ್ತಾನ.
ಮೂರಂತ ಎಣಸಂಗಿಲ್ಲ. ಜೋರೂ ತಟ್ಟಂಗಿಲ್ಲ,
ಬೆನ್ನತ್ತಿದೋರಿಗೆ ಕೇಳ್ತತಲ್ಲ."

ಹೇಗೆ ಗೊತ್ತು ಎಂದು ಕೇಳಬೇಕಿತ್ತು.
ಬ್ಯಾಟರಿ ಎರಡೇ ಕಡ್ಡಿ, ಬೇಗ, ಎಂದು ಕೂಗಿದ ಸಿದ್ಧಲಿಂಗೇಶ.

ಎರಡನೆಯದು ಅಂಗೈಯಲ್ಲಿ.
ತಗಡಿನ ಬಾಗಿಲು ಹಗಲ ಬಿಸಿಲನ್ನು ಇನ್ನೂ ಬಿಟ್ಟಿರಲಿಲ್ಲ.
ತಟ್ಟಿದೆ. ನಿಲ್ಲಿಸಲು ಮರೆತೆ.
ಆಚೆ ಬದಿ, ಒಂದು ಗೇಣು ದೂರ, ಒಂದು ಉಸಿರು.
ಚಿಲಕ ಗಡಗಡ ನಡುಗಿ ಸುಮ್ಮನಾಯಿತು.
ಕಟ್! ಎಂಥಾ ಆ್ಯಕ್ಟಿಂಗು ಅಂದರು ಎಲ್ಲ.

"ಇನ್ನೊಂದ್ಸಲ ಮಾಡಾಣ."
ಬೇಡ ಸಾಬ್ರೆ, ಓಕೆ ಆಗೇತಿ.
"ಇನ್ನೊಂದ್ಸಲ."

ಎರಡು ಸಲ ತಟ್ಟಿದ್ದೆನಷ್ಟೆ, ಬಾಗಿಲು ತೆರೆಯಿತು.
ಲೈಟು ಕಣ್ಣಿಗೆ ಹೊಡೆಯಿತು. ಅವರು ನನ್ನನ್ನು ನೋಡಲಿಲ್ಲ.
ನನ್ನ ಹೆಗಲಾಚೆಗೆ ಸಂದಿಯನ್ನು,
ಅದರ ತುದಿಯ ಹೊಟ್ಟಿನ ರಾಶಿಯನ್ನು ನೋಡುತ್ತ
"ಆ ಪೀರೂ, ಅಂದರ್ ಆ" ಎಂದು
ತಮ್ಮ ಮನೆಮಾತಿನಲ್ಲಿ ಕರೆದರು.
ನನ್ನ ಹೆಸರು ಅದಲ್ಲ.
ಆದರೂ ಒಳಗೆ ಹೋದೆ.

ಸಿನಿಮಾದಲ್ಲಿ ಎರಡನೇ ಟೇಕೇ ಇದೆ.
ಕಾಲೇಜಿನ ಹಾಲಿನಲ್ಲಿ ಹತ್ತು ಸೆಕೆಂಡು ಯಾರೂ ಕೆಮ್ಮಲಿಲ್ಲ.
ಮೂರನೆಯದು ಕಥೆ ಕೆಡಿಸ್ತತಿ, ಅಳಿಸು ಅಂದ ಸಿದ್ಧಲಿಂಗೇಶ.
ಹೂಂ ಅಂದೆ.
ಪೆನ್‌ಡ್ರೈವ್ ನಮ್ಮ ಅಡುಗೆಮನೆಯ ಸಾಸಿವೆ ಡಬ್ಬಿಯಲ್ಲಿದೆ.

ಮೊನ್ನೆ ನಡುರಾತ್ರಿ ಓಣಿಯಲ್ಲಿ ಯಾರೋ ತಟ್ಟಿದರು,
ನಮ್ಮ ಬಾಗಿಲೋ, ಪಕ್ಕದ್ದೋ.
ಗೆಣ್ಣೋ ಅಂಗೈಯೋ ಎಂದು ಕಿವಿಗೊಟ್ಟು
ಹಾಸಿಗೆಯಲ್ಲೇ ಕೂತಿದ್ದೆ.
ಅಷ್ಟು ಹೊತ್ತು ಕೇಳಿಸಿಕೊಳ್ಳಬಾರದಿತ್ತು.